ರಗ್ಬಿ: ದೊರೆಗಳ ಆಟ, ದುಡಿಯುವವರ ಆಟ

(ನಾಗಪುರದ ನಮ್ಮ ಕನ್ನಡ ಸಂಘದ ಉಚಿತ ವಾಚನಾಲಯದಲ್ಲಿ ಶನಿವಾರ ಸಂಜೆ ಮಾಡಿದ ಭಾಷಣ)



ಈ ವಾಚನಾಲಯದಲ್ಲಿ ಸಾಹಿತ್ಯವನ್ನು ಕುರಿತು, ಧರ್ಮವನ್ನು ಕುರಿತು, ಆರೋಗ್ಯವನ್ನು ಕುರಿತು ಎಷ್ಟೋ ಭಾಷಣಗಳು ಆಗಿವೆ. ಆಟವೊಂದನ್ನು ಕುರಿತು, ಅದರಲ್ಲಿಯೂ ಇಲ್ಲಿ ಕೂತಿರುವ ನಮ್ಮಲ್ಲಿ ಯಾರೂ ಆಡದ ಆಟವನ್ನು ಕುರಿತು ಮಾತನಾಡಲು ನಿಂತಿದ್ದೇನೆಂದರೆ ನನಗೇ ತುಸು ಸಂಕೋಚವಾಗುತ್ತದೆ. ಕಾರಣವನ್ನು ಮೊದಲೇ ಹೇಳಿಬಿಡುತ್ತೇನೆ. 2025ರ ಜೂನ್ ತಿಂಗಳಲ್ಲಿ ಮುಂಬಯಿಯಲ್ಲಿ ರಗ್ಬಿ ಪ್ರೀಮಿಯರ್ ಲೀಗ್ ಎಂಬ ಪಂದ್ಯಾವಳಿ ಮೊಟ್ಟಮೊದಲ ಸಲ ನಡೆಯಿತು. ಆರು ತಂಡಗಳು; ಅವುಗಳಲ್ಲಿ ಒಂದು ನಮ್ಮ ಬೆಂಗಳೂರಿನ ಹೆಸರಿನದು. ಪತ್ರಿಕೆಯಲ್ಲಿ ಅದರ ಚಿತ್ರವನ್ನು ನೋಡಿ ಇದೇ ಮೇಜಿನ ಬಳಿ ಕೂತಿದ್ದ ಹಿರಿಯರೊಬ್ಬರು, "ಇದೇನ್ರೀ, ಚೆಂಡು ಸೊಟ್ಟಗಾಗಿದೆಯಲ್ಲ! ಸರಿಯಾಗಿ ಗಾಳಿ ತುಂಬಲು ಯಾರಿಗೂ ಪುರಸೊತ್ತಿರಲಿಲ್ಲವೇ?" ಎಂದು ಕೇಳಿದರು. ಎಲ್ಲರೂ ನಕ್ಕೆವು. ಆದರೆ ಆ ಚೆಂಡು ಯಾಕೆ ಹಾಗಿದೆ ಎಂದು ಹೇಳುವುದು ಮಾತ್ರ ನಮ್ಮಲ್ಲಿ ಒಬ್ಬರಿಗೂ ಆಗಲಿಲ್ಲ. ಹುಡುಕಿ ಓದುತ್ತ ಹೋದೆ. ಚೆಂಡಿನ ಕಥೆ ಹುಡುಕಲು ಹೋದವನಿಗೆ ಪಗಾರದ ಕಥೆ ಸಿಕ್ಕಿತು. ಅದನ್ನೇ ಈ ಹೊತ್ತು ನಿಮ್ಮ ಮುಂದೆ ಇಡುತ್ತೇನೆ.

ಮೊದಲು ಆಟದ ಸ್ವರೂಪವನ್ನು ನಾಲ್ಕು ಮಾತಿನಲ್ಲಿ ತಿಳಿದುಕೊಳ್ಳೋಣ. ಹದಿನೈದು ಜನ ಈ ಕಡೆ, ಹದಿನೈದು ಜನ ಆ ಕಡೆ. ಚೆಂಡನ್ನು ಕಾಲಿನಿಂದ ಒದೆಯಬಹುದು, ಕೈಯಲ್ಲಿ ಹಿಡಿದು ಓಡಲೂಬಹುದು. ಆದರೆ ಕೈಯಿಂದ ಮುಂದಕ್ಕೆ ಎಸೆಯಕೂಡದು. ಪಕ್ಕಕ್ಕೋ ಹಿಂದಕ್ಕೋ ಕೊಡಬೇಕು. ಹಿಂದಿರುವವನಿಗೆ ಕೊಡುತ್ತ ಕೊಡುತ್ತಲೇ ಮುಂದೆ ಸಾಗಬೇಕು. ಇದೇ ಈ ಆಟದ ತಿರುಳು. ಚೆಂಡು ಹಿಡಿದವನನ್ನು ಎದುರಾಳಿ ಸೊಂಟಕ್ಕೋ ತೊಡೆಗೋ ಕೈಹಾಕಿ ಕೆಡವಬಹುದು, ಚೆಂಡಿಲ್ಲದವನನ್ನು ಕೆಡವುವಂತಿಲ್ಲ. ಹುತುತು ಆಡಿದವರಿಗೆ ಈ ಹಿಡಿತ ಹೊಸದಲ್ಲ. ನಮ್ಮಲ್ಲಿ ದಾಳಿಗೆ ಬಂದವನ ಕಾಲು ಹಿಡಿದು ಅವನು ನಡುಗೆರೆ ಮುಟ್ಟದಂತೆ ತಡೆಯುತ್ತೇವಲ್ಲ, ಅಲ್ಲಿ ಚೆಂಡು ಹಿಡಿದವನು ಕೊನೆಯ ಗೆರೆ ಮುಟ್ಟದಂತೆ ತಡೆಯುತ್ತಾರೆ. ನಡುನಡುವೆ ಎರಡೂ ಕಡೆಯ ಎಂಟೆಂಟು ಜನ ಹೆಗಲಿಗೆ ಹೆಗಲು ಕೊಟ್ಟು, ಕಾದಾಡುವ ಟಗರುಗಳ ಹಾಗೆ ತಲೆ ತಗ್ಗಿಸಿ ನೂಕುತ್ತಾರೆ. ಅದಕ್ಕೆ ಸ್ಕ್ರಮ್ ಎನ್ನುತ್ತಾರೆ.

ಗೆರೆಯಾಚೆ ಚೆಂಡನ್ನು ನೆಲಕ್ಕೆ ಒತ್ತಿದರೆ ಅದು ಟ್ರೈ, ಎಂದರೆ ಪ್ರಯತ್ನ. ಗೆದ್ದುದಕ್ಕೆ ಪ್ರಯತ್ನವೆಂದು ಹೆಸರೇಕೆ? ಮೊದಲಿಗೆ ಗೆರೆ ದಾಟಿದ್ದಕ್ಕೆ ಒಂದು ಅಂಕವೂ ಇರಲಿಲ್ಲ. ದಾಟಿದವನಿಗೆ ಕಂಬಗಳ ನಡುವೆ ಚೆಂಡನ್ನು ಒದೆಯಲು ಒಂದು ಪ್ರಯತ್ನದ ಹಕ್ಕು ಸಿಗುತ್ತಿತ್ತು, ಅಷ್ಟೆ. ಕಾಲ ಕಳೆದಂತೆ ಜನ ಒದೆತಕ್ಕಿಂತ ಓಟವನ್ನು ಮೆಚ್ಚಿದರು. ಅಂಕ 3 ಆಯಿತು. 1971ರಲ್ಲಿ 4, 1992ರಲ್ಲಿ 5. ಹೆಸರು ಮಾತ್ರ ಹಳೆಯದೇ ಉಳಿಯಿತು.

ಆಟದ ಹೆಸರು ಊರಿನ ಹೆಸರು. ಇಂಗ್ಲೆಂಡಿನ ರಗ್ಬಿ ಎಂಬ ಊರಿನಲ್ಲಿ ಸಿರಿವಂತರ ಮಕ್ಕಳು ಓದುವ ಹಳೆಯ ಶಾಲೆಯೊಂದಿದೆ. ಅಲ್ಲಿಯ ಹುಡುಗರು 1845ರಲ್ಲಿ ತಮ್ಮ ಆಟದ ನಿಯಮಗಳನ್ನು ಮೊದಲ ಬಾರಿಗೆ ಬರೆದಿಟ್ಟರು. ಆ ಶಾಲೆಯಲ್ಲಿ ಒಂದು ಕಲ್ಲುಬರೆಹವಿದೆ. 1823ರಲ್ಲಿ ವಿಲಿಯಂ ವೆಬ್ ಎಲಿಸ್ ಎಂಬ ಹುಡುಗ ನಿಯಮವನ್ನು ಲಕ್ಷಿಸದೆ ಚೆಂಡನ್ನು ಕೈಯಲ್ಲಿ ಹಿಡಿದು ಓಡಿದನಂತೆ, ಅಲ್ಲಿಂದ ಈ ಆಟ ಹುಟ್ಟಿತಂತೆ. ವಿಶ್ವಕಪ್ಪಿಗೂ ಅವನದೇ ಹೆಸರು. ನಮ್ಮ ಊರುಗಳ ಸ್ಥಳಪುರಾಣಗಳನ್ನು ಬಲ್ಲವರಿಗೆ ಇದು ಎಂಥ ಕಥೆ ಎಂದು ಬಿಡಿಸಿ ಹೇಳಬೇಕಾಗಿಲ್ಲ. ಎಲಿಸ್ ತೀರಿಕೊಂಡದ್ದು 1872ರಲ್ಲಿ. ಈ ಕಥೆ ಮೊದಲು ಅಚ್ಚಾದದ್ದು ಅದಾದ ನಾಲ್ಕು ವರ್ಷಕ್ಕೆ. ಬರೆದವರು ಕಣ್ಣಾರೆ ಕಂಡವರಲ್ಲ. ಕಲ್ಲು ನೆಟ್ಟದ್ದು 1900ರಲ್ಲಿ. ಶಾಲೆಯ ಹಳೆಯ ವಿದ್ಯಾರ್ಥಿಗಳು ಈ ಮೂಲವನ್ನು ಶೋಧಿಸಲು ಸಮಿತಿಯೊಂದನ್ನು ಮಾಡಿಕೊಂಡದ್ದು 1895ರಲ್ಲಿ. ಆ ಇಸವಿಯನ್ನು ನೆನಪಿನಲ್ಲಿಡಿರಿ, ಮುಂದೆ ಬೇಕಾಗುತ್ತದೆ.

ಇನ್ನು ಚೆಂಡಿನ ಆಕಾರ. ಆ ಕಾಲದಲ್ಲಿ ಹಂದಿಯ ಮೂತ್ರಕೋಶಕ್ಕೆ ಬಾಯಿಂದ ಗಾಳಿ ಊದಿ, ಅದರ ಮೇಲೆ ಚರ್ಮದ ಹೊದಿಕೆ ಹೊಲಿಯುತ್ತಿದ್ದರು. ಮೂತ್ರಕೋಶದ ಆಕಾರವೇ ಚೆಂಡಿನ ಆಕಾರ. ಶಾಲೆಯ ಎದುರಿಗೆ ರಿಚರ್ಡ್ ಲಿಂಡನ್ ಎಂಬ ಚಮ್ಮಾರನ ಅಂಗಡಿ ಇತ್ತು. ಊದುವ ಕೆಲಸ ಅವನ ಹೆಂಡತಿಯದು. ರೋಗ ಹಿಡಿದ ಹಂದಿಗಳ ಮೂತ್ರಕೋಶಗಳನ್ನು ಊದಿ ಊದಿ ಆಕೆ ಶ್ವಾಸಕೋಶದ ಬೇನೆಯಿಂದ ಸತ್ತಳೆಂದು ಹೇಳುತ್ತಾರೆ. ಅನಂತರ, 1862ರ ಸುಮಾರಿಗೆ, ಲಿಂಡನ್ ರಬ್ಬರಿನ ಚೀಲವನ್ನೂ ಗಾಳಿ ತುಂಬುವ ಪಂಪನ್ನೂ ಮಾಡಿದ. ಓಡಿದನೋ ಇಲ್ಲವೋ ತಿಳಿಯದ ಹುಡುಗನಿಗೆ ಕಲ್ಲುಬರೆಹವಿದೆ. ಉಸಿರು ಕೊಟ್ಟ ಹೆಂಗಸು ಚೆಂಡಿನ ಚರಿತ್ರೆಯಲ್ಲಿ ಒಂದು ಸಾಲಾಗಿ ಉಳಿದಿದ್ದಾಳೆ.

1863ರಲ್ಲಿ ಲಂಡನ್ನಿನಲ್ಲಿ ಕ್ಲಬ್ಬುಗಳೆಲ್ಲ ಸೇರಿ ಫುಟ್ಬಾಲಿಗೆ ಒಂದೇ ನಿಯಮ ಮಾಡಲು ಕುಳಿತವು. ಕೈಯಲ್ಲಿ ಹಿಡಿದು ಓಡುವುದು ಬೇಡ, ಮೊಣಕಾಲ ಕೆಳಗೆ ಒದೆಯುವುದು ಬೇಡ ಎಂದು ಹೆಚ್ಚಿನವರು ತೀರ್ಮಾನಿಸಿದಾಗ ಬ್ಲ್ಯಾಕ್‌ಹೀತ್ ಎಂಬ ಕ್ಲಬ್ಬು ಎದ್ದು ಹೊರಗೆ ನಡೆಯಿತು. ಉಳಿದವರ ಆಟ ಇಂದಿನ ಫುಟ್ಬಾಲ್. ಹೊರಗೆ ಹೋದವರದು ರಗ್ಬಿ. 1871ರಲ್ಲಿ ರಗ್ಬಿ ಯೂನಿಯನ್ ಎಂಬ ಮಂಡಳಿ ಹುಟ್ಟಿತು. ಅದೇ ವರ್ಷ ಮಾರ್ಚ್ 27ಕ್ಕೆ ಎಡಿನ್‌ಬರೋದಲ್ಲಿ ಇಂಗ್ಲೆಂಡ್ ಮತ್ತು ಸ್ಕಾಟ್ಲೆಂಡ್ ದೇಶಗಳ ನಡುವೆ ಮೊದಲ ಅಂತರರಾಷ್ಟ್ರೀಯ ಪಂದ್ಯ ನಡೆಯಿತು.

ಅದಾಗಿ ಎರಡು ವರ್ಷ ತುಂಬುವ ಮೊದಲೇ ಆಟ ನಮ್ಮ ದೇಶಕ್ಕೆ ಬಂದಿತು. 1872ರ ಕ್ರಿಸ್ಮಸ್ ದಿನ ಕಲಕತ್ತೆಯ ಬಯಲಿನಲ್ಲಿ ಅಲ್ಲಿಯ ಸಾಹೇಬರು ಆಡಿದರು; ಇಂಗ್ಲೆಂಡಿನವರು ಒಂದು ಕಡೆ; ಸ್ಕಾಟ್ಲೆಂಡ್, ಐರ್ಲೆಂಡ್, ವೇಲ್ಸಿನವರು ಇನ್ನೊಂದು ಕಡೆ. ಆಟ ರುಚಿಸಿತು, ಮರು ತಿಂಗಳೇ ಕಲಕತ್ತಾ ಫುಟ್ಬಾಲ್ ಕ್ಲಬ್ಬು ಹುಟ್ಟಿತು, 1874ರಲ್ಲಿ ಲಂಡನ್ನಿನ ಮಂಡಳಿಗೆ ಸೇರಿಕೊಂಡಿತು. ಮೊದಲ ವರ್ಷ ಸದಸ್ಯರಿಗೆ ಮದ್ಯ ಪುಕ್ಕಟೆ. ಸದಸ್ಯರೂ ಬೇಕಾದಷ್ಟು. ಆಮೇಲೆ ಪುಕ್ಕಟೆ ನಿಂತಿತು; ಸದಸ್ಯರೂ ಕರಗಿದರು! ಆಟಗಾರರನ್ನು ಒದಗಿಸುತ್ತಿದ್ದ ಸೈನ್ಯದ ದಂಡೂ ಬೇರೆಡೆಗೆ ಹೋಯಿತು. ಆ ಸೆಕೆಗೆ ಟೆನ್ನಿಸ್, ಪೋಲೋ ವಾಸಿ ಎನ್ನುವವರು ಹೆಚ್ಚಾದರು. ನಾಗಪುರದ ಬೇಸಿಗೆಯನ್ನು ಕಂಡ ನಾವು ಅವರನ್ನು ದೂರುವಂತಿಲ್ಲ.

ಕ್ಲಬ್ಬಿನ ಹಣ ಬ್ಯಾಂಕಿನಲ್ಲಿ ಉಳಿದಿತ್ತು. ಖಜಾಂಚಿಯೂ ಕಾರ್ಯದರ್ಶಿಯೂ ಆಗಿದ್ದ ರೊಥ್ನಿ ಎಂಬಾತ ಲಂಡನ್ನಿಗೆ ಕಾಗದ ಬರೆದು, ಈ ಹಣದಲ್ಲಿ ಭಾರತದ ಕೈಗೆಲಸದ ಒಂದು ಬಟ್ಟಲು ಮಾಡಿಸಿ ಕೊಡುತ್ತೇವೆ ಎಂದ. ಹಾಗೆಯೇ ಆಯಿತು. ಬ್ಯಾಂಕಿನಿಂದ ಬೆಳ್ಳಿಯ ರೂಪಾಯಿಗಳನ್ನು ತೆಗೆಸಿ, 270 ರೂಪಾಯಿ ಎಂದು ಲೆಕ್ಕ ಹೇಳುತ್ತಾರೆ, ಕರಗಿಸಿ ಬಟ್ಟಲು ಮಾಡಿಸಿದರು. ಆ ಕಾಲದ ಒಂದು ರೂಪಾಯಿಯ ತೂಕ ಸರಿಯಾಗಿ ಒಂದು ತೊಲ. ಹಾಗಾದರೆ 270 ತೊಲ. ಇಂದಿನ ಲೆಕ್ಕದಲ್ಲಿ ಮೂರು ಕಿಲೋ ಮೇಲೆ ನೂರೈವತ್ತು ಗ್ರಾಮಿನಷ್ಟು. ಹಿಡಿಕೆಗಳು ಮೂರು, ಮೂರೂ ನಾಗರಹಾವು. ಮುಚ್ಚಳದ ಮೇಲೆ ಆನೆ. ಕ್ಲಬ್ಬುಗಳ ನಡುವೆ ಪ್ರತಿ ವರ್ಷ ಪಂದ್ಯಾವಳಿ ನಡೆಸಿ ಗೆದ್ದವರಿಗೆ ಕೊಡಿರಿ ಎಂಬುದು ಕಲಕತ್ತೆಯವರ ಆಸೆ. ಲಂಡನ್ನಿನ ದೊಡ್ಡವರಿಗೆ ಅದು ಸರಿಬೀಳಲಿಲ್ಲ. ಕ್ಲಬ್ಬುಗಳು ಬಹುಮಾನಕ್ಕಾಗಿ ಹೊಡೆದಾಡುವುದು ದೊಡ್ಡಮನುಷ್ಯರ ಲಕ್ಷಣವಲ್ಲವೆಂದು ತೋರಿರಬೇಕು. ಬಟ್ಟಲನ್ನು ಇಂಗ್ಲೆಂಡ್ ಮತ್ತು ಸ್ಕಾಟ್ಲೆಂಡ್ ನಡುವಿನ ವಾರ್ಷಿಕ ಪಂದ್ಯಕ್ಕೆ ಇಟ್ಟರು. 1879ರಲ್ಲಿ ಅದಕ್ಕಾಗಿ ಮೊದಲ ಪಂದ್ಯ ನಡೆದು ಯಾರೂ ಗೆಲ್ಲಲಿಲ್ಲ. ಅಂದಿನಿಂದ ಇಂದಿನವರೆಗೂ ಆ ಎರಡು ದೇಶಗಳು ಸೆಣಸುವುದು ಕಲಕತ್ತಾ ಕಪ್ಪಿಗಾಗಿಯೇ. 1988ರಲ್ಲಿ ಪಂದ್ಯ ಮುಗಿದ ರಾತ್ರಿ ಎರಡೂ ಕಡೆಯ ಒಬ್ಬೊಬ್ಬ ಆಟಗಾರರು ಕುಡಿದ ಅಮಲಿನಲ್ಲಿ ಅದನ್ನು ಎಡಿನ್‌ಬರೋದ ಬೀದಿಗೆ ಒಯ್ದು ಚೆಂಡಿನಂತೆ ಒದ್ದಾಡಿ ನೆಗ್ಗಿಸಿದರು. ಪುಕ್ಕಟೆ ಮದ್ಯ ನಿಂತದ್ದರಿಂದ ಹುಟ್ಟಿದ ಬಟ್ಟಲಿಗೆ ಮದ್ಯವೇ ಪೆಟ್ಟು ಕೊಟ್ಟಿತು.

ಈಗ 1895ಕ್ಕೆ ಬರೋಣ. ಈ ಭಾಷಣ ಮಾಡಬೇಕೆಂದು ನನಗೆ ಅನಿಸಿದ್ದೇ ಈ ಭಾಗಕ್ಕಾಗಿ.

ಇಂಗ್ಲೆಂಡಿನ ಉತ್ತರದಲ್ಲಿ ಲ್ಯಾಂಕಾಶೈರ್, ಯಾರ್ಕ್‌ಶೈರ್ ಎಂಬ ಎರಡು ಪ್ರಾಂತಗಳು. ಮೊದಲನೆಯದು ಹತ್ತಿಯ ಗಿರಣಿಗಳ ನಾಡು, ಎರಡನೆಯದು ಉಣ್ಣೆಯ ನಾಡು. ಎರಡರಲ್ಲಿಯೂ ಕಲ್ಲಿದ್ದಲ ಗಣಿಗಳು. ನಾಗಪುರಕ್ಕೂ ಲ್ಯಾಂಕಾಶೈರಿಗೂ ಹಳೆಯ ನಂಟು. ಅಮೆರಿಕದ ಅಂತರ್ಯುದ್ಧ 1861ರಿಂದ 1865ರವರೆಗೆ ನಡೆದು ಅಲ್ಲಿಯ ಹತ್ತಿ ನಿಂತುಹೋದಾಗ ಆ ಗಿರಣಿಗಳ ಕಣ್ಣು ನಮ್ಮ ವರ್ಹಾಡದ ಹತ್ತಿಯ ಮೇಲೆ ಬಿತ್ತು. 1867ರಲ್ಲಿ ರೈಲು ಮುಂಬಯಿಯಿಂದ ನಾಗಪುರ ಮುಟ್ಟಿದ್ದರಲ್ಲಿ ಹತ್ತಿಯ ಪಾಲು ದೊಡ್ಡದು. ಹಿಂದುಸ್ಥಾನದ ಹತ್ತಿಯ ಎಳೆ ಗಿಡ್ಡ, ಮಗ್ಗದಲ್ಲಿ ಪದೇ ಪದೇ ಹರಿಯುತ್ತದೆ ಎಂದು ಅಲ್ಲಿಯ ನೇಕಾರರು ಗೊಣಗಿದ್ದೂ ಚರಿತ್ರೆಯಲ್ಲಿದೆ. ಆ ಗೊಣಗಿದವರ ಮಕ್ಕಳೇ ಮುಂದೆ ರಗ್ಬಿ ಆಡಿದವರು.

ಅವರಿಗೆ ಆಡಲು ಹೊತ್ತು ಸಿಕ್ಕಿದ್ದು ಹೇಗೆ? 1850ರ ಕಾನೂನಿನಿಂದ ಬಟ್ಟೆ ಗಿರಣಿಗಳು ಶನಿವಾರ ಮಧ್ಯಾಹ್ನ 2 ಗಂಟೆಗೆ ನಿಲ್ಲಬೇಕಾಯಿತು. ಶನಿವಾರದ ಆ ಅರ್ಧ ಸೂಟಿಯಿಂದಲೇ ಅಲ್ಲಿಯ ಎಲ್ಲ ಚೆಂಡಾಟಗಳೂ ಬೆಳೆದವು. ನಮ್ಮಲ್ಲಿ ಮುಂಬಯಿಯ ಗಿರಣಿಗಳಿಗೆ ವಾರಕ್ಕೊಂದು ರವಿವಾರದ ಸೂಟಿ ದೊರೆತದ್ದು 1890ರ ಜೂನಿನಲ್ಲಿ, ನಾರಾಯಣ ಮೇಘಾಜಿ ಲೋಖಂಡೆಯವರ ಹೋರಾಟದ ಫಲವಾಗಿ. ಸೂಟಿ ಸಿಗದೆ ಆಟ ಹುಟ್ಟುವುದಿಲ್ಲ. ಇದು ಲ್ಯಾಂಕಾಶೈರಿಗೂ ನಿಜ, ಲಾಲಬಾಗಿಗೂ ನಿಜ.

ಊರಲ್ಲೇ ಪಂದ್ಯವಾದರೆ ಮಧ್ಯಾಹ್ನ 2ಕ್ಕೆ ಗಿರಣಿ ಬಿಟ್ಟು 3ಕ್ಕೆ ಬಯಲಿಗೆ ಇಳಿಯಬಹುದು. ಪರಊರಿನಲ್ಲಾದರೆ? ಬೆಳಿಗ್ಗೆಯೇ ರೈಲು ಹತ್ತಬೇಕು, ಅರ್ಧ ದಿನದ ಕೂಲಿ ಹೋಗುತ್ತದೆ. ಪಂದ್ಯದಲ್ಲಿ ಕೈ ಮುರಿದರೆ ತಿಂಗಳ ಕೂಲಿಯೂ ಹೋಗುತ್ತದೆ. ಇತ್ತ ಈ ಕೂಲಿಕಾರರ ಆಟ ನೋಡಲು ಸಾವಿರ ಸಾವಿರ ಜನ ಬಾಗಿಲಲ್ಲಿ ಹಣ ಕೊಟ್ಟು ಬರುತ್ತಿದ್ದರು. ಕ್ಲಬ್ಬಿನ ಪೆಟ್ಟಿಗೆ ತುಂಬುತ್ತಿತ್ತು. ಆಡಿದವನಿಗೆ ಮಾತ್ರ ಒಂದು ಕಾಸು ಕೊಟ್ಟರೂ ಅದು ಅಪರಾಧ! ರಗ್ಬಿ ದೊಡ್ಡಮನುಷ್ಯರ ಆಟ, ದೊಡ್ಡಮನುಷ್ಯರು ಹಣಕ್ಕಾಗಿ ಆಡುವುದಿಲ್ಲ, ಇದು ಮಂಡಳಿಯ ನೀತಿ. ಜಮೀನಿನ ವರಮಾನವಿದ್ದವರಿಗೆ, ವಕೀಲರಿಗೆ, ವೈದ್ಯರಿಗೆ ಈ ನೀತಿಯನ್ನು ಪಾಲಿಸುವುದು ಕಷ್ಟವಲ್ಲ.

1893ರಲ್ಲಿ ಯಾರ್ಕ್‌ಶೈರಿನವರು ಲಂಡನ್ನಿನ ಮಹಾಸಭೆಯಲ್ಲಿ ಒಂದು ಗೊತ್ತುವಳಿ ಇಟ್ಟರು. ಅವರು ಕೇಳಿದ್ದು ಸಂಬಳವಲ್ಲ. ಆಟಕ್ಕಾಗಿ ನಿಜವಾಗಿ ಕಳೆದುಕೊಂಡ ಕೂಲಿಯನ್ನಷ್ಟೇ ತುಂಬಿಕೊಡಲು ಅಪ್ಪಣೆ ಕೊಡಿ ಎಂದರು. ಇದಕ್ಕೆ ಅವರಲ್ಲಿ ‘ಮುರಿದ ಹೊತ್ತಿನ ಹಣ’ ಎಂಬರ್ಥದ ಹೆಸರಿತ್ತು. ಗೊತ್ತುವಳಿಯ ಪರವಾಗಿ 136 ಮತಗಳು, ವಿರುದ್ಧ 282. ಬಿದ್ದುಹೋಯಿತು.

ಮತ್ತೆರಡು ವರ್ಷ ತಿಕ್ಕಾಟ ನಡೆಯಿತು. 1895ರ ಆಗಸ್ಟ್ 29ರಂದು ಹಡರ್ಸ್‌ಫೀಲ್ಡ್ ಎಂಬ ಉಣ್ಣೆಬಟ್ಟೆಯ ಊರಿನ ಜಾರ್ಜ್ ಹೋಟೆಲಿನಲ್ಲಿ ಉತ್ತರದ ಕ್ಲಬ್ಬುಗಳು ಸಭೆ ಸೇರಿದವು. ವಿಗನ್, ಓಲ್ಡಮ್, ಲೀಡ್ಸ್, ಹ್ಯಾಲಿಫ್ಯಾಕ್ಸ್, ಬ್ರ್ಯಾಡ್‌ಫರ್ಡ್, ಎಲ್ಲವೂ ಗಿರಣಿ ಗಣಿಗಳ ಊರುಗಳು. ಸ್ಟಾಕ್‌ಪೋರ್ಟಿನವರು ಟೆಲಿಫೋನಿನಲ್ಲಿಯೇ ತಮ್ಮ ಒಪ್ಪಿಗೆ ತಿಳಿಸಿದರು. ಹೀಗೆ 22 ಕ್ಲಬ್ಬುಗಳು ಹಳೆಯ ಮಂಡಳಿಯನ್ನು ಬಿಟ್ಟು ಉತ್ತರ ಯೂನಿಯನ್ ಎಂಬುದನ್ನು ಕಟ್ಟಿಕೊಂಡವು. ಮುರಿದ ಹೊತ್ತಿಗೆ ದಿನಕ್ಕೆ ಆರು ಶಿಲ್ಲಿಂಗ್, ಅದಕ್ಕಿಂತ ಹೆಚ್ಚಿಲ್ಲ. ಆರು ಶಿಲ್ಲಿಂಗಿಗಾಗಿ ಒಂದು ಆಟ ಎರಡಾಯಿತು.

ಈಗ ವೆಬ್ ಎಲಿಸನ ಕಲ್ಲನ್ನು ಮತ್ತೆ ನೆನೆಯಿರಿ. ಗಿರಣಿಯವರೂ ಗಣಿಯವರೂ ಆಟ ನಮ್ಮದು ಎಂದು ಎದ್ದ ವರ್ಷದಲ್ಲಿಯೇ, ಆಟ ನಮ್ಮ ಶಾಲೆಯ ಒಬ್ಬ ಹುಡುಗನಿಂದ ಹುಟ್ಟಿದ್ದು ಎಂದು ಸಾಧಿಸಲು ಹಳೆಯ ವಿದ್ಯಾರ್ಥಿಗಳು ಹೊರಟರು. ಇದು ಆಕಸ್ಮಿಕವಲ್ಲ ಎಂದು ಆಮೇಲಿನ ಸಂಶೋಧಕರು ಬರೆದಿದ್ದಾರೆ. ನನಗೂ ಹಾಗೆಯೇ ತೋರುತ್ತದೆ. ಹೊಲದ ಮೇಲೆ ತಕರಾರು ಬಂದಾಗಲೇ ಅಲ್ಲವೇ ಹಳೆಯ ಕಾಗದ ಹುಡುಕುವುದು?

ಆಕಸ್ಮಿಕವಾದ ಇನ್ನೊಂದು ಸಂಗತಿಯನ್ನು ಹೇಳಿದರೆ ನೀವು ಬೇಸರಿಸಲಾರಿರಿ. ನಮ್ಮ ನಾಗಪುರದಲ್ಲಿ ಜಮಶೇಟಜಿ ಟಾಟಾ ಅವರು ಎಂಪ್ರೆಸ್ ಗಿರಣಿಯನ್ನು 1877ರ ಜನವರಿ 1ರಂದು ತೆರೆದರು. ಈಗ ಅದು ಮುಚ್ಚಿಹೋಗಿದೆ. ಆದರೆ ಅಪ್ಪನೋ ಅಜ್ಜನೋ ಅಲ್ಲಿ ದುಡಿದವರು ಈ ಊರಿನ ಓಣಿ ಓಣಿಗೆ ಸಿಗುತ್ತಾರೆ. 1886ರಲ್ಲಿ ಅಲ್ಲಿ ಕೆಲಸಗಾರರಿಗೆ ಪಿಂಚಣಿ ನಿಧಿ ಆರಂಭವಾಯಿತು. ಕೆಲಸದಲ್ಲಿ ಗಾಯವಾದವರಿಗೆ ಪರಿಹಾರ ಕೊಡಲು ತೊಡಗಿದ್ದು 1895ರಲ್ಲಿ. ಹಡರ್ಸ್‌ಫೀಲ್ಡಿನ ಸಭೆಗೂ ಇದಕ್ಕೂ ಸಂಬಂಧವೇನೂ ಇಲ್ಲ. ಆದರೂ ಒಂದೇ ವರ್ಷದಲ್ಲಿ ಹತ್ತಿಯ ಎರಡು ತುದಿಗಳಲ್ಲಿ, ಮುರಿದ ಕೈಗೆ ಬೆಲೆಯುಂಟು ಎಂಬ ಮಾತು ಲೆಕ್ಕದ ಪುಸ್ತಕಕ್ಕೆ ಏರಿತೆಂಬುದು ನನಗೆ ಹಿಡಿಸಿತು.

ಹೊಸ ಪಂಗಡದವರು ಮೊದಮೊದಲು ಬಹಳ ಕಟ್ಟುನಿಟ್ಟು. ಆಟಗಾರ ಬೇರೆ ಯಾವುದಾದರೂ ಮರ್ಯಾದೆಯ ಉದ್ಯೋಗದಲ್ಲಿ ಇರಲೇಬೇಕು. ಜೂಜಿನವರ ಆಳಾಗಿ, ಹೆಂಡದಂಗಡಿಯ ಪರಿಚಾರಕನಾಗಿ ಇದ್ದರೆ ಆಗದು ಎಂದು ಕೆಲವು ವರ್ಷ ನಿಯಮವಿತ್ತು. ನೋಡುವವರ ಹಣದಿಂದಲೇ ಆಟ ನಡೆಯಬೇಕಾದ್ದರಿಂದ ಅದನ್ನು ಚುರುಕು ಮಾಡಿದರು. 1906ರಲ್ಲಿ ಹದಿನೈದು ಜನರನ್ನು ಹದಿಮೂರಕ್ಕೆ ಇಳಿಸಿದರು. 1922ರಲ್ಲಿ ರಗ್ಬಿ ಲೀಗ್ ಎಂದು ಹೆಸರಾಯಿತು. ಹಳೆಯ ಪಂಗಡ ರಗ್ಬಿ ಯೂನಿಯನ್ ಆಗಿಯೇ ಉಳಿಯಿತು. ಈ ಪಂಗಡದಲ್ಲಿ ಆಡಿದವನು ಆ ಪಂಗಡಕ್ಕೆ ಆಜೀವ ಬಹಿಷ್ಕೃತ. ವೇಲ್ಸಿನ ಗಣಿಯ ಹುಡುಗ ಹೊಟ್ಟೆಪಾಡಿಗೆಂದು ಉತ್ತರಕ್ಕೆ ಹೋಗಿ ಹಣಕ್ಕೆ ಆಡಿದನೆಂದರೆ, ತನ್ನೂರಿನ ಹಳೆಯ ಕ್ಲಬ್ಬಿನ ಬಾಗಿಲು ಅವನಿಗೆ ಮುಚ್ಚಿತು. ಅನ್ನಕ್ಕಾಗಿ ಪರಊರಿಗೆ ಬಂದ ನಮಗೆ ಇದರ ನೋವು ತಿಳಿಯುತ್ತದೆ. ನಾವಾದರೂ ಹಬ್ಬಕ್ಕೆ ಊರಿಗೆ ಹೋದರೆ ಗುಡಿಯೊಳಗೆ ಬಿಟ್ಟುಕೊಳ್ಳುತ್ತಾರೆ! ಫ್ರಾನ್ಸಿನಲ್ಲಿ ಇನ್ನೂ ಘೋರವಾಯಿತು. 1941ರಲ್ಲಿ ಪೇತಾಂ ಸರಕಾರ ಹದಿಮೂರು ಜನರ ಆಟವನ್ನೇ ನಿಷೇಧಿಸಿ ಅದರ ಆಸ್ತಿಯನ್ನು ಮುಟ್ಟುಗೋಲು ಹಾಕಿಕೊಂಡಿತು.

ಇಲ್ಲಿ ನನ್ನದೊಂದು ಅನುಭವವನ್ನು ಹೇಳಲು ಅಪ್ಪಣೆಯಾಗಲಿ. ನಾನು ಈ ಊರಿಗೆ ಬಂದು ಕಾರಕೂನನಾಗಿ ಸೇರಿದ ಹೊಸತರಲ್ಲಿ ನಮ್ಮ ಕಚೇರಿಯ ಹುತುತು ತಂಡದಲ್ಲಿ ಆಡುತ್ತಿದ್ದೆ. ಕಚೇರಿಯ ಹೆಸರು ಬೇಡ. ಒಮ್ಮೆ ವರ್ಧೆಯಲ್ಲಿ ಪಂದ್ಯ. ಅರ್ಧ ದಿನದ ರಜೆ ಕೇಳಿದೆ. ಸಾಹೇಬರು ನಗುನಗುತ್ತ ಕೊಟ್ಟರು. ಗೆದ್ದು ಬಂದೆವು. ಗೆದ್ದ ಢಾಲು ಸಾಹೇಬರ ಕೋಣೆಯ ಕಪಾಟಿಗೆ ಹೋಯಿತು. ತಿಂಗಳ ಕೊನೆಗೆ ಪಗಾರ ಎಣಿಸಿದಾಗ ಅರ್ಧ ದಿನದ ಹಣ ಕಡಿದಿದ್ದರು. ಕೇಳಲು ಹೋದರೆ, "ಆಟ ಆಡಿದ್ದು ನಿನ್ನ ಸಂತೋಷಕ್ಕಲ್ಲವೇನಪ್ಪಾ?" ಎಂದರು. ನಾನು ಸುಮ್ಮನೆ ಬಂದೆ. ಹೋದದ್ದು ದೊಡ್ಡ ಹಣವಲ್ಲ, ಆದರೆ ಅವರ ಕೋಣೆಗೆ ಕಡತ ಒಯ್ದಾಗಲೆಲ್ಲ ಆ ಢಾಲು ಕಣ್ಣಿಗೆ ಬೀಳುತ್ತಿತ್ತು. 1893ರ ಆ ಮತದ ಲೆಕ್ಕವನ್ನು ಓದಿದಾಗ ನನಗೆ ನೆನಪಾದದ್ದು ಅದೇ ಕಪಾಟು. ಆದ್ದರಿಂದ ಈ ಜಗಳದಲ್ಲಿ ನಾನು ಹಡರ್ಸ್‌ಫೀಲ್ಡಿನ ಪಕ್ಷ. ನನ್ನನ್ನು ತಟಸ್ಥ ಚರಿತ್ರಕಾರನೆಂದು ತಿಳಿಯಬೇಡಿರಿ.

ಹಳೆಯ ಪಂಗಡವೂ ಕೊನೆಗೆ ಸೋತಿತು. ದೂರದರ್ಶನದ ಹಣದ ಮುಂದೆ ಹಳೆಯ ನೀತಿ ನಿಲ್ಲಲಿಲ್ಲ. ಆಟಗಾರರಿಗೆ ಹಣ ಕೊಡಬಹುದೆಂದು ಯೂನಿಯನ್ ಪಂಗಡದ ವಿಶ್ವಮಂಡಳಿ ಪ್ಯಾರಿಸಿನಲ್ಲಿ ಸಾರಿದ್ದು 1995ರ ಆಗಸ್ಟ್ ಕೊನೆಯ ವಾರದಲ್ಲಿ. ಜಾರ್ಜ್ ಹೋಟೆಲಿನ ಸಭೆಗೆ ನೂರು ವರ್ಷ ತುಂಬಲು ಎರಡು ಮೂರು ದಿನ ಬಾಕಿ ಇತ್ತು! ಆಟ ಮಾತ್ರ ಮತ್ತೆ ಒಂದಾಗಲಿಲ್ಲ. ಹದಿನೈದರದು ಬೇರೆ, ಹದಿಮೂರರದು ಬೇರೆ. ಹಿಸ್ಸೆಯಾದ ಅಣ್ಣತಮ್ಮಂದಿರ ಮನೆಯ ಗೋಡೆಯಂತೆ, ಜಗಳ ಮರೆತರೂ ಗೋಡೆ ಉಳಿಯಿತು.

ಅದೇ 1995ರ ಜೂನ್ 24ರಂದು ದಕ್ಷಿಣ ಆಫ್ರಿಕದ ಜೋಹಾನ್ಸ್‌ಬರ್ಗಿನಲ್ಲಿ ವಿಶ್ವಕಪ್ಪಿನ ಕೊನೆಯ ಪಂದ್ಯ. ರಗ್ಬಿ ಅಲ್ಲಿ ಬಿಳಿಯರ ಆಟ; ಆ ಹಸಿರು ಅಂಗಿ ಕರಿಯರಿಗೆ ವರ್ಣದ್ವೇಷದ ಗುರುತು. ಇಪ್ಪತ್ತೇಳು ವರ್ಷ ಸೆರೆಯಲ್ಲಿದ್ದು ಬಂದು ರಾಷ್ಟ್ರಾಧ್ಯಕ್ಷರಾಗಿದ್ದ ನೆಲ್ಸನ್ ಮಂಡೇಲಾ ಅದೇ ಅಂಗಿ ತೊಟ್ಟು ಬಂದು, ಗೆದ್ದ ತಮ್ಮ ತಂಡಕ್ಕೆ ಬಟ್ಟಲು ಕೊಟ್ಟರು. ಇಡೀ ಜಗತ್ತು ಕೊಂಡಾಡಿದ ದೃಶ್ಯ. ಆದರೆ ಅಂದು ಕಣದಲ್ಲಿದ್ದ ಅವರ ಹದಿನೈದು ಜನರಲ್ಲಿ ಬಿಳಿಯನಲ್ಲದವನು ಚೆಸ್ಟರ್ ವಿಲಿಯಮ್ಸ್ ಒಬ್ಬನೇ ಎಂಬುದನ್ನೂ ಮರೆಯಬಾರದು. ಬಡ ಕೇರಿಯಲ್ಲಿ ಹುಟ್ಟಿ ಬೆಳೆದ ಸಿಯಾ ಕೊಲಿಸಿ ಆ ತಂಡದ ಮೊದಲ ಕರಿಯ ನಾಯಕನಾಗಿ ವಿಶ್ವಕಪ್ಪನ್ನು ಎತ್ತಲು 2019 ಬರಬೇಕಾಯಿತು. 2023ರಲ್ಲಿ ಮತ್ತೆ ಎತ್ತಿದ.

ಹಣ ಬಂದ ಮೇಲೆ ಆಟಗಾರರ ಮೈ ಬೆಳೆಯಿತು, ಬಡಿತವೂ ಬಲವಾಯಿತು. 2003ರಲ್ಲಿ ವಿಶ್ವಕಪ್ ಗೆದ್ದ ಇಂಗ್ಲೆಂಡ್ ತಂಡದ ಸ್ಟೀವ್ ಥಾಂಪ್ಸನ್, 2020ರಲ್ಲಿ, ತನಗೆ ಇನ್ನೂ ನಲವತ್ತೆರಡನೆಯ ವಯಸ್ಸಿನಲ್ಲಿಯೇ ಮರೆವಿನ ರೋಗ ತಗಲಿದೆ, ಆ ವಿಶ್ವಕಪ್ ಗೆದ್ದದ್ದೂ ನೆನಪಿಲ್ಲ ಎಂದು ಹೇಳಿದಾಗ ಆ ಲೋಕ ಬೆಚ್ಚಿತು. ತಲೆಗೆ ಮತ್ತೆ ಮತ್ತೆ ಬಿದ್ದ ಪೆಟ್ಟೇ ಕಾರಣವೆಂದು ಅನೇಕ ಹಳೆಯ ಆಟಗಾರರು ನ್ಯಾಯಾಲಯಕ್ಕೆ ಹೋಗಿದ್ದಾರೆ. ಈಗ ಪೆಟ್ಟು ಬಿದ್ದವನನ್ನು ಹೊರಗೆ ಕರೆದು ವೈದ್ಯರು ಪರೀಕ್ಷಿಸುವ ನಿಯಮವಿದೆ. ಭುಜದ ಮೇಲೆ ಕೈಹಾಕಿ ಕೆಡವಿದರೆ ಶಿಕ್ಷೆ ಇದೆ. ಮುರಿದ ಹೊತ್ತಿಗೆ ಆರು ಶಿಲ್ಲಿಂಗ್ ಎಂದು ಲೆಕ್ಕ ಹಾಕಬಹುದಾಗಿತ್ತು. ಮುರಿದ ನೆನಪಿಗೆ ಎಷ್ಟು ಎಂದು ಲೆಕ್ಕ ಹಾಕುವುದು ಯಾರು?

ನಮ್ಮ ದೇಶದ ಮಾತಿಗೆ ಬರುತ್ತೇನೆ. ಸಾಹೇಬರು ಹೋದ ಮೇಲೂ ಕಲಕತ್ತೆ ಮುಂಬಯಿಗಳ ಕ್ಲಬ್ಬುಗಳಲ್ಲಿ ಆಟ ಉಳಿಯಿತು. 1924ರಲ್ಲಿ ಆರಂಭವಾದ ಅಖಿಲ ಭಾರತ ಪಂದ್ಯಾವಳಿ ಮುಂದುವರಿಯಿತು. ಆದರೆ ಭಾರತದ ಹೆಸರಿನಲ್ಲಿ ತಂಡವೊಂದು ಅಂತರರಾಷ್ಟ್ರೀಯ ಪಂದ್ಯಕ್ಕೆ ಇಳಿದದ್ದು 1998ರಲ್ಲಿ. ಅದರಲ್ಲಿ ಸಿನಿಮಾ ನಟ ರಾಹುಲ್ ಬೋಸ್ ಇದ್ದರು. ಅಲ್ಲಿಯವರೆಗೆ ಇದು ಕ್ಲಬ್ಬಿನ ಹುಲ್ಲುಹಾಸು ದಾಟದ ಆಟ. 2004ರಲ್ಲಿ ಕಲಕತ್ತೆಯ ಬ್ರಿಟಿಷ್ ರಾಯಭಾರ ಕಚೇರಿಯಲ್ಲಿದ್ದ ಪಾಲ್ ವಾಲ್ಶ್ ಎಂಬವರು ಬಡ ಓಣಿಗಳ ಹುಡುಗರನ್ನು ಕೂಡಿಸಿ ಜಂಗಲ್ ಕ್ರೋಸ್, ಎಂದರೆ ಕಾಡುಕಾಗೆಗಳು, ಎಂಬ ತಂಡ ಕಟ್ಟಿದರು. ಒಡಿಶಾದ ಭುವನೇಶ್ವರದಲ್ಲಿ ಬುಡಕಟ್ಟಿನ ಮಕ್ಕಳಿಗಾಗಿ ಅಚ್ಯುತ ಸಾಮಂತರು ಸ್ಥಾಪಿಸಿದ ಕಳಿಂಗ ಸಂಸ್ಥೆಯ ಹುಡುಗರು 2007ರಲ್ಲಿ ಲಂಡನ್ನಿಗೆ ಹೋಗಿ, ಹದಿನಾಲ್ಕು ವರ್ಷದೊಳಗಿನ ಶಾಲಾ ಮಕ್ಕಳ ಅಂತರರಾಷ್ಟ್ರೀಯ ಪಂದ್ಯಾವಳಿಯನ್ನು ಗೆದ್ದು ಬಂದರು. ನಾಗಪುರದಿಂದ ಪೂರ್ವಕ್ಕೆ ಹೋಗುವ ಹಳೆಯ ಬಂಗಾಳ ನಾಗಪುರ ರೈಲ್ವೆಯ ದಾರಿಯಲ್ಲಿ ಸಿಗುವ ಕಾಡುನಾಡಿನ ಮಕ್ಕಳಂಥವರೇ ಇವರು.

ಹುಡುಗಿಯರ ಕಥೆ ಇದಕ್ಕಿಂತ ಸೊಗಸು. ಭಾರತದ ಹೆಣ್ಣುಮಕ್ಕಳ ಹದಿನೈದರ ತಂಡ ಮೊದಲ ಅಂತರರಾಷ್ಟ್ರೀಯ ಪಂದ್ಯ ಆಡಿದ್ದು 2018ರಲ್ಲಿ. ಮರುವರ್ಷ ಜೂನಿನಲ್ಲಿ ಮನಿಲಾದಲ್ಲಿ ಸಿಂಗಪುರದ ವಿರುದ್ಧ ಅವರ ಮೊದಲ ಗೆಲುವು, 21ಕ್ಕೆ 19. ಪಂದ್ಯದ ಕೊನೆಯ ಗಳಿಗೆಯಲ್ಲಿ ಗೆಲ್ಲಿಸಿದ ಒದೆತ ಒಡಿಶಾದ ಸುಮಿತ್ರಾ ನಾಯಕ್ ಎಂಬ ಹುಡುಗಿಯದು. ಇಂಗ್ಲೆಂಡಿನಲ್ಲಿ 2025ರ ಸೆಪ್ಟೆಂಬರಿನಲ್ಲಿ ಹೆಂಗಸರ ವಿಶ್ವಕಪ್ಪಿನ ಕೊನೆಯ ಪಂದ್ಯಕ್ಕೆ ಎಂಬತ್ತು ಸಾವಿರಕ್ಕೂ ಮೇಲ್ಪಟ್ಟು ಜನ ಬಂದರು. ಗಂಡಸರ ಕ್ಲಬ್ಬಿನ ಪುಕ್ಕಟೆ ಮದ್ಯದಿಂದ ಇಲ್ಲಿಯವರೆಗೆ ಈ ಆಟ ನಡೆದು ಬಂದ ದಾರಿ ದೊಡ್ಡದು.

"ಇದೆಲ್ಲ ಸರಿ, ನಮಗೆ ಹುತುತು ಸಾಲದೇ?" ಎಂದು ಹಿಂದೆ ಕೂತವರು ಗುಸುಗುಸು ಎನ್ನುತ್ತಿರುವುದು ಕೇಳಿಸುತ್ತಿದೆ. ಖಂಡಿತ ಸಾಕು. ಇಲ್ಲೇ ಪಕ್ಕದ ಅಮರಾವತಿಯ ಹನುಮಾನ್ ವ್ಯಾಯಾಮ ಪ್ರಸಾರಕ ಮಂಡಳದವರು 1936ರ ಬರ್ಲಿನ್ ಒಲಿಂಪಿಕ್ಸ್ ಸಮಯದಲ್ಲಿಯೇ ನಮ್ಮ ದೇಶೀ ಆಟಗಳನ್ನು ಅಲ್ಲಿ ಪ್ರದರ್ಶಿಸಿ ಬಂದರು. ನಾನು ಗಮನಿಸಿದ್ದು ಬೇರೆ. ನಮ್ಮ ಕಬಡ್ಡಿ ಎಂದೂ ಶ್ರೀಮಂತರ ನೀತಿಯನ್ನು ಹೊತ್ತು ತಿರುಗಲಿಲ್ಲ. ಇಲ್ಲಿ ಚೆನ್ನಾಗಿ ಆಡಿದ ಹಳ್ಳಿಯ ಹುಡುಗನಿಗೆ ರೈಲ್ವೆಯಲ್ಲಿ, ಬ್ಯಾಂಕಿನಲ್ಲಿ, ಪೋಲೀಸಿನಲ್ಲಿ ನೌಕರಿ ಸಿಕ್ಕಿತು. ಅಜನಿಯ ರೈಲ್ವೆ ವಸತಿಯಲ್ಲಿರುವವರಿಗೆ ಇದು ಹೊಸ ಸುದ್ದಿಯಲ್ಲ. ಮುರಿದ ಹೊತ್ತಿನ ಪ್ರಶ್ನೆಗೆ ನಮ್ಮವರು ಕಂಡುಕೊಂಡ ಉತ್ತರ ಅದು: ಪಗಾರವನ್ನೂ ಕೊಡಿ, ಆಡಲು ರಜೆಯನ್ನೂ ಕೊಡಿ. 2014ರಲ್ಲಿ ಪ್ರೊ ಕಬಡ್ಡಿ ಬಂದ ಮೇಲೆ ಹರಾಜು ಬಂದಿತು. 2022ರಲ್ಲಿ ಒಬ್ಬ ಆಟಗಾರನಿಗೆ 2 ಕೋಟಿ 26 ಲಕ್ಷ ಕೂಗಿದರು. ಕೋಟಿ ಸಿಕ್ಕಿದವರ ಹೆಸರು ಎಲ್ಲರಿಗೂ ಗೊತ್ತು. ಮಂಡಿ ಮುರಿದುಕೊಂಡು ಊರಿಗೆ ಮರಳಿದವನಿಗೆ ಹಿಂದೆ ರೈಲ್ವೆಯ ನೌಕರಿಯಾದರೂ ಉಳಿಯುತ್ತಿತ್ತು. ಒಂದು ಹಂಗಾಮಿನ ಕರಾರಿನ ಮೇಲೆ ಆಡುವವನಿಗೆ ಏನು ಉಳಿಯುತ್ತದೆ ಎಂಬುದನ್ನು ನಮ್ಮ ಹುಡುಗರ ತಂದೆತಾಯಿಗಳು ಸಹಿ ಹಾಕುವ ಮೊದಲು ಕೇಳಬೇಕು. ರಗ್ಬಿಯ ಹೊಸ ಲೀಗಿಗೂ ಇದೇ ಮಾತು.

ನನ್ನ ಹೊತ್ತು ಮುಗಿಯಿತೆಂದು ಅಧ್ಯಕ್ಷರು ಗಡಿಯಾರ ನೋಡುತ್ತಿದ್ದಾರೆ. ಒಂದೇ ಒಂದು ಬಿನ್ನಹ. ನಿಮ್ಮ ಯಾರ ಮನೆಯ ದೇವರ ಪೆಟ್ಟಿಗೆಯಲ್ಲಾದರೂ ವಿಕ್ಟೋರಿಯಾ ರಾಣಿಯ ಮುದ್ರೆಯ ಬೆಳ್ಳಿ ರೂಪಾಯಿ ಇದ್ದರೆ ಬರುವ ಶನಿವಾರ ತಂದು ತೋರಿಸಿರಿ. ಹುಡುಗರ ಕೈಗೆ ಕೊಟ್ಟು ತೂಗಿಸೋಣ. ಅಂಥವು 270 ಕೂಡಿದರೆ ಎಷ್ಟು ಭಾರವೆಂದು ಅವರೇ ಲೆಕ್ಕ ಹಾಕಲಿ. ನಾಣ್ಯವನ್ನು ಅಂದೇ ಜೋಪಾನವಾಗಿ ಹಿಂದಿರುಗಿಸುತ್ತೇವೆ, ಕರಗಿಸುವುದಿಲ್ಲ.